ಅಟ್ಟಕ್ಕೆ ಹಾಕಿದ ನೇರಪ್ರಸಾರ

ತಿಪಟೂರಿನ ಕೊಬ್ಬರಿ ಮಾರುಕಟ್ಟೆಯಲ್ಲಿ ಟೆಂಡರ್ ದಿನ ಮಧ್ಯಾಹ್ನ ಮೂರೂವರೆ ಆಯಿತೆಂದರೆ ಬೀಡಿ ಸೇದುವವರು ಬೀಡಿ ಆರಿಸುತ್ತಾರೆ, ಜಗಳವಾಡುವವರು ಜಗಳವನ್ನು ಅರ್ಧಕ್ಕೆ ನಿಲ್ಲಿಸುತ್ತಾರೆ. ಮೈಕಿನಲ್ಲಿ ಬೆಟ್ಟಸ್ವಾಮಿ ಒಮ್ಮೆ ಕೆಮ್ಮುತ್ತಾನೆ. ಆಮೇಲೆ ಲಾಟಿನ ನಂಬರು, ಮಾಲು ತಂದ ರೈತನ ಹೆಸರು, ಕೊಂಡ ವರ್ತಕನ ಹೆಸರು, ಕ್ವಿಂಟಾಲಿನ ರೇಟು, ಒಂದಾದ ಮೇಲೊಂದು ಬರುತ್ತವೆ. ತುರುವೇಕೆರೆಯವನಿರಲಿ, ಹುಳಿಯಾರಿನವನಿರಲಿ, ಕೇಳಿಸದೇ ಹೋದವನು ಪಕ್ಕದವನನ್ನು "ಬೆಟ್ಟಸ್ವಾಮಿ ಎಷ್ಟ್ ಅಂದ?" ಎಂದು ಕೇಳುತ್ತಾನೆ. ಇಷ್ಟಂದ ಎಂದರೆ ಸರಿ, ಟವೆಲ್ ಕೊಡವಿಕೊಂಡು ಎದ್ದು ಹೊರಡುತ್ತಾನೆ.

ಇಪ್ಪತ್ತಾರು ವರ್ಷದಲ್ಲಿ ಅವನು ತಪ್ಪು ಓದಿದ್ದು ಒಂದೇ ಸಲ. ಒಬ್ಬ ರೈತನಿಗೆ ಐವತ್ತು ರೂಪಾಯಿ ಕಡಿಮೆ ಓದಿಬಿಟ್ಟಿದ್ದ. ಗೊತ್ತಾಗುವಷ್ಟರಲ್ಲಿ ಆ ರೈತ ಬಸ್ಸು ಹತ್ತಿಯಾಗಿತ್ತು. ಬೆಟ್ಟಸ್ವಾಮಿ ಯಾರದೋ ಬೈಕು ಇಸಿದುಕೊಂಡು ಬಸ್ಸಿನ ಹಿಂದೆ ಬಿದ್ದು, ಊರಾಚೆ ಅಡ್ಡಹಾಕಿ, ಕಿಟಕಿಯ ಹತ್ತಿರ ನಿಂತು ಸರಿಯಾದ ರೇಟು ಹೇಳಿ ಬಂದ. ಕಂಡಕ್ಟರ್ ಬಾಯಿಗೆ ಬಂದ ಹಾಗೆ ಬೈದ. ಬೈಸಿಕೊಂಡದ್ದನ್ನೂ ಬೆಟ್ಟಸ್ವಾಮಿ ಹೆಮ್ಮೆಯಿಂದಲೇ ಹೇಳಿಕೊಳ್ಳುತ್ತಿದ್ದ. ಐವತ್ತೆರಡು ವರ್ಷಕ್ಕೆ ಅವನಲ್ಲಿ ಇದ್ದದ್ದು ನಲವತ್ತು ತೆಂಗಿನ ಮರ, ಒಂದು ಹೆಂಚಿನ ಮನೆ, ಮತ್ತೆ ಜನಕ್ಕೆ ಅವನ ದನಿಯ ಮೇಲಿದ್ದ ಈ ನಂಬಿಕೆ. ಮೂರರಲ್ಲಿ ಯಾವುದು ದೊಡ್ಡದು ಎಂದು ಹೆಂಡತಿ ಸರ್ವಮಂಗಳಳನ್ನು ಕೇಳಿದ್ದರೆ ಮರ ಎನ್ನುತ್ತಿದ್ದಳು. ಅವನು ಹಾಗನ್ನುತ್ತಿರಲಿಲ್ಲ.

ಈ ದನಿಗೆ ಇನ್ನೊಂದು ಮೈಕು ಸಿಕ್ಕಿದ್ದು ಫುಟ್‌ಬಾಲಿನಿಂದ. ಬಸ್ ಸ್ಟ್ಯಾಂಡಿನ ಎದುರು, ಬೇಕರಿಯ ಮೇಲಿನ ಮಹಡಿಯಲ್ಲಿ ಚಿತ್ತೇಶನ ಕೇಬಲ್ ಆಫೀಸು. ಮೂರು ತಾಲ್ಲೂಕಿನ ತೋಟಗಳೊಳಗೆ ತೆಂಗಿನ ಮರದಿಂದ ತೆಂಗಿನ ಮರಕ್ಕೆ ವೈರು ಎಳೆದು ಮೇಲೆ ಬಂದ ಆಸಾಮಿ ಅವನು. ಗರಿ ಬಿದ್ದು ವೈರು ಹರಿದರೆ ಈಗಲೂ ತಾನೇ ಏಣಿ ಹೊತ್ತು ಹೋಗುತ್ತಾನೆ. ಅವನದೇ ಒಂದು ಲೋಕಲ್ ಚಾನೆಲ್ಲೂ ಇತ್ತು. ನಾಲ್ಕು ವರ್ಷದ ಹಿಂದೆ ಜಿಲ್ಲೆಯ ಫುಟ್‌ಬಾಲ್ ತಂಡ ರಾಜ್ಯದ ಅತಿ ಮೇಲಿನ ಡಿವಿಷನ್ನಿಗೆ ಏರಿದಾಗ ಚಿತ್ತೇಶ ಲೀಗಿನವರ ಕಾಲಿಗೋ ಕೈಗೋ ಬಿದ್ದು, ಸಣ್ಣದೊಂದು ಮೊತ್ತ ಕಟ್ಟಿ, ಪಂದ್ಯಗಳನ್ನು ತನ್ನ ಚಾನೆಲ್ಲಿನಲ್ಲಿ ನೇರವಾಗಿ ತೋರಿಸುವ ಹಕ್ಕು ತಂದ. ಆಟ ನಡೆಯುವುದು ಬೆಂಗಳೂರಿನಲ್ಲಿ. ಚಿತ್ರ ಇಂಟರ್‌ನೆಟ್ಟಿನಲ್ಲಿ ಬಂದು ಚಿತ್ತೇಶನ ಕಂಪ್ಯೂಟರಿಗೆ ಬೀಳುತ್ತಿತ್ತು. ಬರಿಯ ಚಿತ್ರ, ಮಾತಿಲ್ಲ. ಹಾಗಾಗಿ ಬೆಟ್ಟಸ್ವಾಮಿಯನ್ನು ಕರೆದು ಕೂರಿಸಿದ.

ಬೆಟ್ಟಸ್ವಾಮಿ ಮಾತಾಡಿದ. ಶನಿವಾರ ಸಂಜೆ ಐದಕ್ಕೆ ತೋಟದ ಮನೆಗಳಲ್ಲಿ ಟೀವಿ ಹಚ್ಚಿದರೆ, ಫುಟ್‌ಬಾಲಿಗೆ ಎಷ್ಟು ಜನ ಎಂದು ತಿಳಿಯದ ಹೆಂಗಸರೂ ರಾಗಿ ಕೇರುತ್ತಾ ಅವನನ್ನು ಕೇಳಿಸಿಕೊಳ್ಳುತ್ತಿದ್ದರು. ಅವನು ಆಟವನ್ನು ಹೇಳುತ್ತಿದ್ದದ್ದು ಮಾರುಕಟ್ಟೆಯಲ್ಲಿ ರೇಟು ಹೇಳಿದಂತೆಯೇ. ಇದ್ದದ್ದು ಇದ್ದ ಹಾಗೆ, ಒಂದಕ್ಷರ ಉಪ್ಪುಖಾರ ಹಚ್ಚದೆ. ಆದರೆ ಆಟದಲ್ಲಿ ಮುಂದೇನು ಎಂದು ಅವನಿಗೂ ಗೊತ್ತಿರುತ್ತಿರಲಿಲ್ಲವಲ್ಲ, ಆ ದಿಗಿಲು ಮಾತ್ರ ದನಿಯೊಳಗೆ ತಾನಾಗಿ ಬಂದು ಕೂರುತ್ತಿತ್ತು.

ಕೇಳುವವರಲ್ಲಿ ಅವನಿಗೆ ಮುಖ್ಯವಾದವರು ಒಬ್ಬರು, ಪರಮಶಿವಯ್ಯ ಮೇಷ್ಟ್ರು. ಹೈಸ್ಕೂಲಿನಲ್ಲಿ ಅವನಿಗೆ ಪಿ.ಟಿ. ಮೇಷ್ಟ್ರಾಗಿದ್ದವರು, ಬರಿಗಾಲಿನ ಹುಡುಗರಿಗೆ ಫುಟ್‌ಬಾಲ್ ಕಲಿಸಿದವರು. ಈಗ ಎಪ್ಪತ್ತಾರು. ಸಕ್ಕರೆ ಕಾಯಿಲೆ ಎರಡೂ ಕಣ್ಣು ತಿಂದಿತ್ತು. ಹಾಸನ ರಸ್ತೆಯ ಮನೆಯಲ್ಲಿ ಮೊಮ್ಮಗಳು ವರ್ಷಿಣಿ ಟೀವಿ ಹಾಕಿಕೊಟ್ಟರೆ, ಅದರ ಕಡೆ ಮುಖ ಮಾಡಿ, ಕೋಲನ್ನು ಮೊಳಕಾಲ ನಡುವೆ ಇಟ್ಟುಕೊಂಡು ತೊಂಬತ್ತು ನಿಮಿಷವೂ ಕೂತಿರುತ್ತಿದ್ದರು. ಜಿಲ್ಲಾ ತಂಡದ ಗೋಲ್‌ಕೀಪರ್ ರಂಗರಾಜು, ಕೆಂಕೆರೆಯ ಕಡೆ ಹಟ್ಟಿಯವನು, ಅವರು ಕಣ್ಣಿದ್ದಾಗ ಕೊನೆಯದಾಗಿ ತಯಾರು ಮಾಡಿದ ಹುಡುಗ. ಅವನು ಇಷ್ಟು ಮೇಲೆ ಹೋಗಿ ಆಡುವುದನ್ನು ಅವರು ಒಂದು ದಿನವೂ ನೋಡಿಲ್ಲ. ಬೆಟ್ಟಸ್ವಾಮಿ ಹೇಳಿದಷ್ಟೇ ಅವರಿಗೆ ಕಂಡದ್ದು.

ಆಟ ಮುಗಿದ ಮೇಲೆ ಬೆಟ್ಟಸ್ವಾಮಿ ಅವರ ಮನೆಗೆ ಕಾಫಿಗೆ ಹೋಗಬೇಕು, ಅದು ವಾಡಿಕೆ. "ಹೋದ್ ಸಲ ಎರಡನೇ ಅರ್ಧದಲ್ಲಿ ಒಂದ್ ಗಳಿಗೆ ಸುಮ್ನಾದೆ. ಏನಾಗಿತ್ತು?" ಎಂದು ಅವರು ಕೇಳುವರು. ಅವನು ಹೇಳುವನು. ಇನ್ನೊಂದು ಕಟ್ಟುನಿಟ್ಟು ಆ ಮನೆಯಲ್ಲಿತ್ತು. ಕರೆಂಟು ಹೋಗಿ ಪ್ರಸಾರ ತಪ್ಪಿದರೆ ಚಿತ್ತೇಶ ಭಾನುವಾರ ಅದನ್ನೇ ಮತ್ತೆ ಹಾಕುತ್ತಿದ್ದ; ಅದನ್ನು ಕೇಳುವ ಮುಂಚೆ ಯಾರೂ ಅವರಿಗೆ ಫಲಿತಾಂಶ ಹೇಳಬಾರದು. ಪೇಪರಿನಲ್ಲಿ ಬಂದಿರಲಿ, ಫೋನಿನಲ್ಲಿ ಬಂದಿರಲಿ, ಹೇಳಿದವನಿಗೆ ಆ ಮನೆಯ ಬಾಗಿಲು ಮುಚ್ಚಿದ ಹಾಗೆ. ರಂಗರಾಜು ಕೂಡ ಅವರಿಗೆ ಸೋಮವಾರದ ಮುಂಚೆ ಫೋನು ಮಾಡುತ್ತಿರಲಿಲ್ಲ. ಮಾಡಿದರೂ ಊಟ ಆಯಿತಾ ಎಂಬುದರ ಆಚೆ ಮಾತು ದಾಟಿಸುತ್ತಿರಲಿಲ್ಲ.

ಈ ವರ್ಷ ಇದೆಲ್ಲ ಕೆಟ್ಟದ್ದು ಬೆಟ್ಟಸ್ವಾಮಿಯ ಬಾಯಿಂದಲೇ. ಆ ಕತೆಯನ್ನು ಅವನು ಈಗಲೂ ಹಲ್ಲು ಕಚ್ಚಿಕೊಂಡೇ ನೆನೆಯುತ್ತಾನೆ.

ಆಗಸ್ಟಿನಲ್ಲಿ ಲೀಗಿನ ಆಫೀಸಿನಿಂದ ಒಬ್ಬ ಬಂದ. ಬಿಳಿ ಶರ್ಟು, ಕೊರಳಲ್ಲಿ ಪಟ್ಟಿ, ಎರಡು ಫೋನು. ಇನ್ನು ಮೇಲೆ ಪ್ರಸಾರದ ಹಕ್ಕನ್ನು ತಾಲ್ಲೂಕು ತಾಲ್ಲೂಕಾಗಿ ವಿಂಗಡಿಸಿ ಮಾರುತ್ತೇವೆ, ಈ ಕಡೆ ಹೇಗೆ ಮಾರಿದರೆ ಒಳ್ಳೆಯದು ಎಂದು ಕೇಬಲ್ ಆಫೀಸಿನಲ್ಲಿ ಕೂತು ಕೇಳಿದ. ಚಿತ್ತೇಶ ಬಾಯಿ ತೆರೆಯುವ ಮೊದಲೇ ಬೆಟ್ಟಸ್ವಾಮಿ ಹೇಳಿದ:

"ನಮ್ ಕಡೆ ಕ್ರಮ ಐತೆ ಸಾರ್. ಕವರ್ ಹಾಕ್ಸಿ. ಯಾರ್ ಜಾಸ್ತಿ ಬರೀತಾರೋ ಅವರಿಗೆ ಕೊಡಿ. ಟೆಂಡರ್ ಅಂದ್ರೆ ಯಾರಿಗೂ ಮೋಸ ಇಲ್ಲ."

ಬಂದವನ ಮುಖ ಅರಳಿತು. ಅವನು ಮೆಟ್ಟಿಲಿಳಿದು ಹೋದ ಮೇಲೆ ಚಿತ್ತೇಶ ತಲೆ ತಲೆ ಚಚ್ಚಿಕೊಂಡ. "ಬೆಟ್ಟಣ್ಣ, ನಿನ್ ಬಾಯಿಗೆ ಮಣ್ ಹಾಕ! ನಾನು ಕಾಫಿ ಕುಡ್ಸಿ, ಒಂದು ಚೀಲ ಎಳನೀರು ಗಾಡಿಗೆ ಹಾಕಿ ಕಳ್ಸಿದ್ರೆ ಮುಗ್ದೋಗ್ತಿತ್ತು. ನೀನೇ ಊರೆಲ್ಲಾ ಕರೆದು ಕವರ್ ಹಾಕ್ಸಿದ್ಯಲ್ಲ!"

"ನ್ಯಾಯ ನ್ಯಾಯಾನೇ ಕಣ್ಲಾ," ಎಂದ ಬೆಟ್ಟಸ್ವಾಮಿ. ಇಪ್ಪತ್ತಾರು ವರ್ಷ ಟೆಂಡರಿನ ಮೈಕು ಹಿಡಿದವನಿಗೆ ಬೇರೆ ಏನು ತೋಚೀತು?

ಮೂರು ಕವರು ಬಂದವು. ಚಿತ್ತೇಶ ಬರೆದದ್ದರ ಎರಡರಷ್ಟು ಬರೆದವನು ಯೋಗೀಶ. ಮೂವತ್ತಾರು ವರ್ಷದ ಕೊಬ್ಬರಿ ವರ್ತಕ, ಎರಡು ಗೋಡೌನು. ಯಾವಾಗಲೂ ಬಾಯಲ್ಲಿ ಒಂದು ಚೂರು ಕೊಬ್ಬರಿ ಅಗಿಯುತ್ತಲೇ ಮಾತಾಡುವವನು; ತುಟಿಯ ಮೂಲೆಯಲ್ಲಿ ಬಿಳಿ ನಾರು ಅಂಟಿಕೊಂಡಿರುತ್ತದೆ. ಅವನು ಹುಟ್ಟಿದಂದಿನಿಂದ ಒಂದು ಫುಟ್‌ಬಾಲ್ ಪಂದ್ಯ ನೋಡಿದವನಲ್ಲ. ಟೆಂಡರ್ ಕಾಗದಕ್ಕೆ ಸಹಿ ಹಾಕುವಾಗ, "ಒಂದ್ ಕಡೆ ಎಷ್ಟ್ ಜನ ಆಡ್ತಾರಣ್ಣ?" ಎಂದು ಕೇಳಿದ. ಆಗಲಾದರೂ ಬೆಟ್ಟಸ್ವಾಮಿಗೆ ಬುದ್ಧಿ ಬರಬೇಕಿತ್ತು. ಬರಲಿಲ್ಲ. ದುಡ್ಡು ಹಾಕಿದವನು ತೋರಿಸದೆ ಇರುತ್ತಾನೆಯೇ ಎಂದುಕೊಂಡ. ತನ್ನದೇ ಚಾನೆಲ್ಲು ಇಲ್ಲದ ಯೋಗೀಶ ಚಿತ್ತೇಶನ ಚಾನೆಲ್ಲನ್ನೇ ಪಂದ್ಯಕ್ಕೆಂದು ಬಾಡಿಗೆಗೆ ಹಿಡಿದ.

ಸೆಪ್ಟೆಂಬರಿನ ಮೊದಲ ಶನಿವಾರ ಅವನು ನಾಲ್ಕೂವರೆಗೇ ಮುಖ ತೊಳೆದು, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಮಹಡಿ ಹತ್ತಿದ. ಕಂಪ್ಯೂಟರಿನಲ್ಲಿ ಬೆಂಗಳೂರಿನ ಮೈದಾನ ಕಾಣುತ್ತಿತ್ತು. ಹಳದಿ ಅಂಗಿಯ ರಂಗರಾಜು ಗೋಲಿನ ಕಂಬಕ್ಕೆ ಒರಗಿ ಬೂಟು ಕಟ್ಟಿಕೊಳ್ಳುತ್ತಿದ್ದ. ಪಕ್ಕದ ಟೀವಿಯಲ್ಲಿ, ಅಂದರೆ ಊರಿನ ಜನಕ್ಕೆ ಕಾಣುವ ಚಾನೆಲ್ಲಿನಲ್ಲಿ, ಯಾರದೋ ಮದುವೆಯ ವೀಡಿಯೋ ಓಡುತ್ತಿತ್ತು.

"ಇದೇನ್ಲಾ ಚಿತ್ತೇಶ?"

"ನನ್ ಕೇಳ್ಬ್ಯಾಡ," ಎಂದು ಚಿತ್ತೇಶ ಗದ್ದದಿಂದ ಮೂಲೆ ತೋರಿಸಿದ. "ಅಗೋ, ಯಜಮಾನ್ರು ಅಲ್ಲೇ ಕೂತವ್ರೆ."

ಯೋಗೀಶ ಕಾಲ ಮೇಲೆ ಕಾಲು ಹಾಕಿ ಕೂತಿದ್ದ. "ಹಿಡ್ಕೊಳ್ತಾ ಐತಾ ಡಿಸ್ಕ್‌ನಲ್ಲಿ? ಹಿಡ್ಕೊಳ್ಲಿ. ಈಗ ಬಿಡಾದ್ ಬ್ಯಾಡ ಬೆಟ್ಟಣ್ಣ. ಈಗ ರೇಟಿಲ್ಲ. ಅಡ್ವಟೈಸ್ ಕೇಳುದ್ರೆ ಯಾವ್ ಅಂಗ್ಡಿಯೋನೂ ಸಾವಿರ ರೂಪಾಯಿ ಬಿಚ್ಚಲ್ಲ. ದೀಪಾವಳಿಗೆ ನೋಡು, ಒಂದಕ್ಕೆ ನಾಲ್ಕು."

"ದೀಪಾವಳಿಗೆ ಇನ್ನೂ ಎಷ್ಟೋ ದಿನ ಐತಲ್ಲ ಯಜಮಾನ್ರೇ?"

"ತೆಂಗಿನ್‌ಕಾಯಿ ಕಿತ್ತ ದಿನಾನೇ ಮಾರ್ತೀವಾ? ಅಟ್ಟಕ್ಕೆ ಹಾಕಿ, ನೀರೆಲ್ಲ ಇಂಗಿ, ಅಲ್ಲಾಡ್ಸುದ್ರೆ ಒಳಗೆ ಗಿಟುಕು ಗಡಗಡ ಅನ್ನೋಗಂಟ ಹನ್ನೊಂದ್ ತಿಂಗ್ಳು ಕಾಯ್ತೀವಿ. ಕಾದೋನಿಗೆ ಕೊಬ್ರಿ, ಕಾಯ್ದೆ ಇರೋನಿಗೆ ಚಟ್ನಿ."

"ಮ್ಯಾಚು ಎಳನೀರಿದ್ದಂಗೆ. ಅವತ್ತಿಂದು ಅವತ್ತೇ ಕುಡೀಬೇಕು."

"ಎಳನೀರು ಇಳ್ಸಿ ಗೋಡೌನ್ ಕಟ್ಟಿದೋನ್ನ ಒಬ್ಬನ್ನ ತೋರ್ಸು."

ಬೆಟ್ಟಸ್ವಾಮಿ ಬೇಡಿಕೊಂಡ. ನೀವು ತೋರಿಸದಿದ್ದರೆ ಬಿಡಿ, ಚಿತ್ತೇಶ ಬಿಟ್ಟಿಯಾಗಿ ತೋರಿಸಲಿ, ಜನ ಕಾಯುತ್ತಿದ್ದಾರೆ ಎಂದ. ಯೋಗೀಶ ಬಾಯಲ್ಲಿದ್ದದ್ದನ್ನು ನುಂಗಿ, ಮಗುವಿಗೆ ತಿಳಿಹೇಳುವವನಂತೆ ಹೇಳಿದ: "ಹಕ್ಕು ನಂದು ಕಣಣ್ಣ. ತೋರ್ಸೋ ಹಕ್ಕು ನಂದು ಅಂದ್ಮೇಲೆ ತೋರಿಸ್ದೆ ಇರೋ ಹಕ್ಕೂ ನಂದೇ. ನನ್ ಗೋಡೌನಿನ್ ಚೀಲ ಯಾವಾಗ ಬಿಚ್ಚು ಅಂತ ನೀನು ಹೇಳ್ತೀಯಾ?"

ಆಟ ಮುಗಿಯಿತು. ಮೈದಾನದಲ್ಲಿ ಇಪ್ಪತ್ತೆರಡು ಜನ ಓಡಿದರು, ಬಿದ್ದರು, ಬೆವರಿದರು. ಅದೆಲ್ಲವೂ ಅಂಗೈಯಗಲದ ಒಂದು ಕರಿ ಡಬ್ಬಿಯೊಳಗೆ ಹೋಗಿ ಸೇರಿತು. ಯೋಗೀಶ ಆ ಡಬ್ಬಿಯನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ, ಗೋಡೌನಿನ ಕಬ್ಬಿಣದ ಬೀರುವಿನಲ್ಲಿಟ್ಟು ಬೀಗ ಹಾಕಿದ. ಆಡಿದವರ ಬೆವರಿಗೂ ಬೀಗ ಹಾಕಬಹುದು ಎಂದು ಬೆಟ್ಟಸ್ವಾಮಿಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಮಾರನೆಯ ದಿನ ಲೀಗಿನ ಬಿಳಿ ಶರ್ಟಿನವನಿಗೆ ಫೋನು ಮಾಡಿದ. "ಪೇಮೆಂಟ್ ಬಂದಿದೆ. ತೋರಿಸೋದು ಬಿಡೋದು ಪಾರ್ಟಿಗೆ ಸೇರಿದ್ದು," ಎಂದು ಆ ಮನುಷ್ಯ ಲೈನು ಕಟ್ಟು ಮಾಡಿದ. ಫೋನಿನ ಆ್ಯಪಿನಲ್ಲಿ ನೋಡುವವರು ದುಡ್ಡು ಕಟ್ಟಿ ನೋಡಬಹುದಿತ್ತು. ಹುಡುಗರು ನೋಡಿದರು ಕೂಡ. ಆದರೆ ಅದರಲ್ಲಿ ಮಾತಿಲ್ಲ. ಕಣ್ಣಿಲ್ಲದವರಿಗೆ ಅದು ಏನು ಕೊಟ್ಟೀತು?

ಆ ಶನಿವಾರವೇ ಅವನು ಮೇಷ್ಟ್ರ ಮನೆಗೆ ಹೋಗಿದ್ದ. ಅವರು ಟೀವಿಯ ಮುಂದೆ ಹಾಗೇ ಕೂತಿದ್ದರು.

"ಯಾಕಪ್ಪ, ಮದುವೆ ಮಂತ್ರ ಕೇಳ್ಸ್ತಿತ್ತಲ್ಲ?"

ಟೆಂಡರ್ ಹಾಕಿಸಿದವನು ನಾನೇ ಎಂದು ಹೇಳಬೇಕಿತ್ತು. ನಾಲಿಗೆ ತುದಿಗೆ ಬಂದಿತ್ತು. "ಬೆಂಗ್ಳೂರಲ್ಲಿ ಮಳೆ ಮೇಷ್ಟ್ರೇ. ಮ್ಯಾಚ್ ಮುಂದಕ್ಕೋಯ್ತು," ಎಂದುಬಿಟ್ಟ.

"ಮಳೆನಾ? ಸರಿ ಬುಡು. ಮೈದಾನ ಒದ್ದೆ ಇದ್ರೆ ಹುಡುಗ್ರು ಮಂಡಿ ಮುರ್ಕೊಳ್ತಾರೆ," ಎಂದು ಅವರು ಸಮಾಧಾನದಿಂದ ತಲೆದೂಗಿದರು. ಅನುಮಾನ ಪಡಲಿಲ್ಲ. ಬಾಗಿಲ ಹತ್ತಿರ ನಿಂತಿದ್ದ ವರ್ಷಿಣಿ ಬೆಟ್ಟಸ್ವಾಮಿಯ ಮುಖ ನೋಡಿ, ತನ್ನ ಫೋನು ನೋಡಿಕೊಂಡು ಒಳಗೆ ಹೋದಳು. ತಾತನಿಗೆ ಫಲಿತಾಂಶ ಹೇಳಬಾರದೆಂಬ ಕಟ್ಟು ಅವಳ ಬಾಯಿ ಕಟ್ಟಿತ್ತು. ತನ್ನ ಸುಳ್ಳು ಮೇಷ್ಟ್ರ ಆ ನಿಯಮದ ನೆರಳಿನಲ್ಲೇ ಬದುಕಿಕೊಂಡಿತು ಎಂದು ಅವನಿಗೆ ತಿಳಿದು ನಾಚಿಕೆಯಾಯಿತು. ಆದರೂ ಮುಂದಿನ ವಾರ ಮೈದಾನ ರಿಪೇರಿ ಎಂದ. ಅದರ ಮುಂದಿನ ವಾರ ಯಾರೋ ಮಂತ್ರಿಯ ಕಾರ್ಯಕ್ರಮ ಎಂದ. ಒಂದು ಸುಳ್ಳಿಗೆ ಕಾಫಿ ಕುಡಿದವನು ಮಿಕ್ಕವಕ್ಕೂ ಕುಡಿದ.

ನಡುವೆ ಒಂದು ಭಾನುವಾರ ಸರ್ವಮಂಗಳ ಪೇಪರಿನ ಜಿಲ್ಲಾ ಪುಟ ಓದುತ್ತಾ, "ರೀ, ನಮ್ ರಂಗ ಕೊನೇಲಿ ಪೆನಾಲ್ಟಿ ತಡೆದು ಗೆಲ್ಸಿದ್ನಂತೆ, ಇಲ್ ಬರ್ದವ್ರೆ," ಎಂದಳು. ಎದ್ದು ಹಿತ್ತಿಲಿಗೆ ಹೋಗುವಷ್ಟರಲ್ಲಿ ಅವನ ಕಿವಿಗೆ ಎಲ್ಲ ಬಿದ್ದಾಗಿತ್ತು. ಎಂಬತ್ತೆಂಟನೆಯ ನಿಮಿಷ, ಬಲಕ್ಕೆ ಹಾರಿದ್ದು, ಒಂದು ಸೊನ್ನೆ. ಅಂಥ ಗಳಿಗೆ ಹೇಳುವುದಕ್ಕೆಂದೇ ಅವನು ನಾಲ್ಕು ವರ್ಷ ಕಾದಿದ್ದ. ಅದು ಬಂದು, ನಡೆದು, ಬೀರುವಿನಲ್ಲಿ ಬಿದ್ದಿತ್ತು.

ದೀಪಾವಳಿಗೆ ಒಂದು ವಾರ ಇರುವಾಗ ಬೀದಿಯಲ್ಲಿ ಆಟೋ ಬಂತು. ಮೇಲೆ ಸ್ಪೀಕರು. "ಹಬ್ಬದ ಕೊಡುಗೆ! ಪ್ರತಿದಿನ ಸಂಜೆ ಐದಕ್ಕೆ, ರಾಜ್ಯ ಫುಟ್‌ಬಾಲ್, ನೇರಪ್ರಸಾರ! ನಿಮ್ಮ ಮೆಚ್ಚಿನ ಬೆಟ್ಟಸ್ವಾಮಿಯವರ ದನಿಯಲ್ಲಿ!" ಬೆಟ್ಟಸ್ವಾಮಿ ಮಾರುಕಟ್ಟೆಯಿಂದ ಬರುತ್ತಿದ್ದವನು ಬೀದಿಯ ನಡುವೆ ನಿಂತುಬಿಟ್ಟ. ಯಾರನ್ನು ಕೇಳಿ ತನ್ನ ಹೆಸರು ಕೂಗುತ್ತಿದ್ದಾರೆ? ಅಲ್ಲಿಂದ ನೇರ ಗೋಡೌನಿಗೆ ನಡೆದ.

ಗೋಡೌನಿನಲ್ಲಿ ಉಸಿರು ಕಟ್ಟುವ ಎಣ್ಣೆವಾಸನೆ. ಯೋಗೀಶ ಚೀಲದ ಮೇಲೆ ಕೂತು ಜಾಹೀರಾತಿನ ಪಟ್ಟಿ ನೋಡುತ್ತಿದ್ದ.

"ನೇರಪ್ರಸಾರ ಅಂತ ಕೂಗ್ಸ್ತಿದೀರಲ್ಲ ಯಜಮಾನ್ರೇ? ಅದು ಸುಳ್ಳಲ್ವಾ?"

"ನೀನ್ ನೇರವಾಗಿ ಮಾತಾಡ್ತೀಯಲ್ಲ, ಅಷ್ಟೇ ನೇರ. ಹಳೇ ಮ್ಯಾಚ್ ಅಂದ್ರೆ ಚಿನ್ನದಂಗ್ಡಿಯೋನು ಅರ್ಧ ರೇಟ್ ಕೇಳ್ತಾನೆ. ನೀನು ಇವತ್ತು ಬೆಂಗ್ಳೂರಲ್ಲಿ ಮೋಡ ಐತೆ, ಜನ ಹಬ್ಬದ ಬಟ್ಟೇಲಿ ಬಂದವ್ರೆ, ಅಂತ ನಾಕ್ ಮಾತು ಸೇರ್ಸು. ಕಾರ್ನರ್ ಹೊಡೆದಾಗ ಬೋರ್‌ವೆಲ್ ಕಂಪ್ನಿ ಹೆಸ್ರು ಹೇಳು."

"ನನ್ ಕೈಲಿ ಆಗಲ್ಲ."

"ಆಗ್ದಿದ್ರೆ ಬುಡಣ್ಣ, ಬಲವಂತ ಇಲ್ಲ." ಯೋಗೀಶ ಫೋನು ತೆಗೆದು ಒಂದು ವೀಡಿಯೋ ಹಾಕಿದ. ಮೈಸೂರಿನ ಯಾವುದೋ ರೇಡಿಯೋದ ಹುಡುಗಿ, ಚುರುಕು ಮಾತು, ಒಂದೇ ಉಸಿರಿಗೆ ಹತ್ತು ಪದ. "ಇವಳು ಬತ್ತೀನಿ ಅಂದವ್ಳೆ. ಇನ್ಮೇಲೆ ಎಲ್ಲಾ ಮ್ಯಾಚೂ ಇವಳೇ ಮಾಡ್ತಾಳೆ. ಮೂರ್ ವರ್ಷದ್ ಟೆಂಡರ್ ನಂದು, ಮರೀಬ್ಯಾಡ."

ಇಲ್ಲಿ ಬೆಟ್ಟಸ್ವಾಮಿಯ ಪರವಾಗಿ ಹೇಳಲು ಏನೂ ಇಲ್ಲ. ಸಾಲವಿರಲಿಲ್ಲ, ಮಗಳ ಮದುವೆಯಿರಲಿಲ್ಲ, ಯಾರೂ ಅವನ ಕುತ್ತಿಗೆಯ ಮೇಲೆ ಕೈ ಇಟ್ಟಿರಲಿಲ್ಲ. ಆ ಹುಡುಗಿಯ ದನಿ ಮೇಷ್ಟ್ರ ಮನೆಯ ಟೀವಿಯಿಂದ ಬರುವುದನ್ನು, ಮೇಷ್ಟ್ರು ಅದಕ್ಕೆ ಕಿವಿಯೊಡ್ಡಿ ಕೂತಿರುವುದನ್ನು ಒಂದು ಸಲ ಊಹಿಸಿಕೊಂಡ, ಅಷ್ಟೇ. ಆ ದನಿಗಿಂತ ತನ್ನ ಸುಳ್ಳೇ ಅವನಿಗೆ ಸಹ್ಯವೆನಿಸಿತು. "ಎಷ್ಟ್ ಹೊತ್ತಿಗೆ ಬರ್ಲಿ?" ಎಂದು ಕೇಳಿದ. ಕೇಳಿದ ಮೇಲೆ ಅವನಿಗೇ ಅಸಹ್ಯವಾಯಿತು. ಯೋಗೀಶ ನಗುತ್ತಾ ಒಂದು ಚೂರು ಕೊಬ್ಬರಿ ಮುಂದೆ ಹಿಡಿದ. ಅದನ್ನೂ ತೆಗೆದುಕೊಂಡ.

ಮನೆಯಲ್ಲಿ ಸರ್ವಮಂಗಳ ಅಂಗಿ ಕೊಡಲಿಲ್ಲ. "ಹೋಗ್ಬ್ಯಾಡಿ ಕಣ್ರೀ. ನಾನೇ ಓದಿ ಹೇಳಿರೋ ಮ್ಯಾಚನ್ನ ಇವತ್ತು ನಡೀತೈತೆ ಅಂತ ಹೇಳೋಕೆ ಹೊಂಟಿದೀರಲ್ಲ, ನಾಚ್ಕೆ ಆಗಲ್ವಾ?"

"ಊರಿಗೆಲ್ಲಾ ಗೊತ್ತು. ಯಾರಿಗೆ ಮೋಸ?"

"ಮೇಷ್ಟ್ರಿಗೆ ಗೊತ್ತಾ?"

ಅವನು ತಾನೇ ಹುಡುಕಿ, ಇಸ್ತ್ರಿಯಿಲ್ಲದ ಒಂದು ಅಂಗಿ ಹಾಕಿಕೊಂಡು ಹೋದ.

ಯೋಗೀಶ ಮೊದಲ ದಿನಕ್ಕೇ ಪೆನಾಲ್ಟಿಯ ಪಂದ್ಯ ಆರಿಸಿದ್ದ. ಒಳ್ಳೆಯ ಮಾಲನ್ನು ಚೀಲದ ಬಾಯಿಗೆ ಇಡುವುದು ಅವನ ಕಸುಬಿನ ಅಭ್ಯಾಸ. ಐದಕ್ಕೆ ಸರಿಯಾಗಿ ಚಿತ್ತೇಶ ತಲೆ ತಗ್ಗಿಸಿಕೊಂಡು ಗುಂಡಿ ಒತ್ತಿದ. ಟೀವಿಯ ಮೂಲೆಯಲ್ಲಿ ಕೆಂಪು ಚುಕ್ಕೆ, ಅದರ ಪಕ್ಕ 'ನೇರ' ಎಂಬ ಎರಡಕ್ಷರ. ಬೆಟ್ಟಸ್ವಾಮಿ ಕೆಮ್ಮಿದ. ಮೊದಲ ಮಾತು ಬಂತು. ಎರಡನೆಯದು ಬಂತು. ಆಮೇಲೆ ಬರುತ್ತಲೇ ಹೋಯಿತು.

ಮೋಡ ಎಂದ. ಹಬ್ಬದ ಬಟ್ಟೆ ಎಂದ. ಕಾರ್ನರಿಗೊಮ್ಮೆ ಬೋರ್‌ವೆಲ್ಲಿನವನ ಹೆಸರು ಹೇಳಿದ, ಫ್ರೀ ಕಿಕ್ಕಿಗೆ ಸಿಮೆಂಟಿನವನ ಹೆಸರು. ಇಷ್ಟಾದರೂ ಯೋಗೀಶ ಹೇಳಿಕೊಟ್ಟದ್ದು. ಎಂಬತ್ತೆಂಟನೆಯ ನಿಮಿಷಕ್ಕೆ ಎದುರು ತಂಡಕ್ಕೆ ಪೆನಾಲ್ಟಿ ಸಿಕ್ಕಿದಾಗ ಯಾರೂ ಹೇಳಿಕೊಡದ ಮಾತುಗಳನ್ನು ಅವನು ತಾನಾಗಿಯೇ ಹುಟ್ಟಿಸಿದ. "ಏನಾಗುತ್ತದೋ ಗೊತ್ತಿಲ್ಲ ವೀಕ್ಷಕರೇ, ನನ್ನ ಎದೆ ಡವಡವ ಬಡಿದುಕೊಳ್ಳುತ್ತಿದೆ, ಕೈ ನಡುಗುತ್ತಿದೆ, ನಿಮ್ಮ ಮನೆದೇವರನ್ನು ಒಂದು ಸಲ ನೆನೆಯಿರಿ!" ಎಂದ. ಕೈ ನಡುಗುತ್ತಿರಲಿಲ್ಲ. ಅವನು ತನ್ನ ಕೈಯನ್ನೇ ನೋಡಿಕೊಂಡ. ಮೇಜಿನ ಮೇಲೆ ಅದು ತಣ್ಣಗೆ ಬಿದ್ದಿತ್ತು. ಪರದೆಯಲ್ಲಿ ರಂಗರಾಜು ಬಲಕ್ಕೆ ಹಾರಿದ. ಬೆಟ್ಟಸ್ವಾಮಿ ಕಿರುಚಿದ. ಯೋಗೀಶ ಗಾಜಿನಾಚೆ ನಿಂತು ಎರಡೂ ಹೆಬ್ಬೆರಳು ಎತ್ತಿ ತೋರಿಸಿದ.

ಕೆಳಗೆ ಬೇಕರಿಯ ಮುಂದೆ ಹುಡುಗರು ಅವನನ್ನು ಸುತ್ತಿಕೊಂಡರು. "ಸೂಪರ್ ಬೆಟ್ಟಣ್ಣ! ನಾನು ಫೋನಲ್ಲಿ ನೋಡಿದ್ ಮ್ಯಾಚೇ, ಆದ್ರೂ ಇವತ್ತು ಮೈ ಜುಂ ಅಂತು!" ಇನ್ನೊಬ್ಬ ಕೈ ಕುಲುಕಿದ. ಯಾರಾದರೂ ಒಬ್ಬ ತನ್ನ ಮುಖಕ್ಕೆ ಉಗಿಯಬಾರದೇ ಎಂದು ಅವನಿಗನ್ನಿಸಿತು. ಆರು ವಾರದ ಹಿಂದಿನ ಆಟವನ್ನು ಈಗ ತಾನೇ ಎಂದು ಕೂಗಿದವನಿಗೆ ಪಫ್ಸು ಕೊಡಿಸುತ್ತಿದ್ದಾರೆ. ಥೂ, ಸುಳ್ಳೆಂದು ಗೊತ್ತಿದ್ದೂ ಸಿಹಿಯಾಗಿದ್ದರೆ ಸಾಕೆನ್ನುವ ಜನ! ಅವರಿಗಿಂತ ಹೆಚ್ಚು ಹೇಸಿಗೆಯಾದದ್ದು ಅವನಿಗೆ ತನ್ನ ಮೇಲೆಯೇ. ಆ ಕೊನೆಯ ಎರಡು ನಿಮಿಷ ತಾನೆಷ್ಟು ಚೆನ್ನಾಗಿ ಮಾತಾಡಿದೆ ಎಂದು ಒಳಗೊಂದು ಮೂಲೆಯಲ್ಲಿ ಅವನಿಗೆ ಖುಷಿಯೂ ಆಗಿತ್ತು.

ಕಾಲು ವಾಡಿಕೆಯಂತೆ ಹಾಸನ ರಸ್ತೆಗೆ ಎಳೆಯಿತು. ಮೇಷ್ಟ್ರು ಖುಷಿಯಾಗಿದ್ದರೆ ಸಾಕು, ಮಿಕ್ಕದ್ದನ್ನು ಹೇಗಾದರೂ ನುಂಗಿಕೊಳ್ಳಬಹುದು ಎಂದುಕೊಂಡು ಹೋದ. ಅವರು ಟೀವಿಯ ಮುಂದೆಯೇ ಇದ್ದರು. ಟೀವಿ ಆರಿತ್ತು. ಅಡುಗೆಮನೆಯ ಬಾಗಿಲಲ್ಲಿ ವರ್ಷಿಣಿ ನಿಂತಿದ್ದಳು. ಒಲೆಯ ಮೇಲೆ ಕಾಫಿ ಇಟ್ಟಿರಲಿಲ್ಲ.

"ಬಂದ್ಯಾ? ಕೂತ್ಕೊ."

"ಹೆಂಗಿತ್ತು ಮೇಷ್ಟ್ರೇ?"

"ರಂಗ ಚೆನ್ನಾಗಿ ಆಡ್ದ."

"ಬಲಕ್ಕೆ ಹಾರಿದ ನೋಡಿ, ನೀವು ಕಲ್ಸಿದಂಗೇ ಇತ್ತು."

ಮೇಷ್ಟ್ರು ಕೋಲಿನ ಹಿಡಿಯನ್ನು ಹೆಬ್ಬೆರಳಿನಿಂದ ಉಜ್ಜಿದರು. "ನೀನು ಹೆದ್ರಲಿಲ್ಲ ಕಣಪ್ಪ," ಎಂದರು.

"ಹೆದ್ರಿದ್ದೆ ಮೇಷ್ಟ್ರೇ. ಹೇಳುದ್ನಲ್ಲ, ಎದೆ ಹೊಡ್ಕಂತೈತೆ ಅಂತ."

"ಹೇಳ್ದೆ. ಯಾವತ್ತೂ ಹೇಳ್ತಿರ್ಲಿಲ್ಲ, ಇವತ್ತು ಹೇಳ್ದೆ. ರಂಗನ್ ಕಡೆ ಬಾಲ್ ಬಂದ್ರೆ ನಿನ್ ಗಂಟ್ಲು ಒಣಗೋಗುತ್ತೆ, ಮಾತು ಎಡವುತ್ತೆ. ನಾಕ್ ವರ್ಷದಿಂದ ನಾನು ಅದರಲ್ಲೇ ಬಾಲ್ ಎಲ್ಲೈತೆ ಅಂತ ನೋಡ್ತಿದ್ದೆ. ಇವತ್ತು ಒಂದ್ ಮಾತೂ ಎಡವಲಿಲ್ಲ. ತಡೀತಾನೆ ಅಂತ ಗೊತ್ತಿದ್ದೋನು ಮಾತಾಡ್ದಂಗಿತ್ತು." ಅವರು ಮುಖವನ್ನು ಅವನಿದ್ದ ಕಡೆಗೆ ತಿರುಗಿಸಿದರು. "ಯಾವತ್ತು ಆಡಿದ್ದು?"

ಬೆಟ್ಟಸ್ವಾಮಿ ವರ್ಷಿಣಿಯ ಕಡೆ ನೋಡಿದ. ಅವಳು ಹೇಳಿರಲಿಲ್ಲ, ಮುಖ ನೋಡಿದರೆ ತಿಳಿಯುತ್ತಿತ್ತು.

"ಆರ್ ವಾರ ಆಯ್ತು ಮೇಷ್ಟ್ರೇ."

"ಮಳೆ?"

"ಬಂದಿರ್ಲಿಲ್ಲ."

"ಮೈದಾನ ರಿಪೇರಿ? ಮಂತ್ರಿ ಕಾರ್ಯಕ್ರಮ?"

ಮೇಷ್ಟ್ರು ಬೈಯಲಿ ಎಂದು ಅವನು ಕಾದ. ಸ್ಕೂಲಿನಲ್ಲಿ ಲೇಟಾಗಿ ಬಂದರೆ ಮೈದಾನ ಹತ್ತು ಸುತ್ತು ಓಡಿಸುತ್ತಿದ್ದವರು. ಈಗಲೂ ಓಡು ಎಂದಿದ್ದರೆ ಓಡಿಬಿಡುತ್ತಿದ್ದ. ಟೆಂಡರಿನ ಕತೆ, ಬೀರುವಿನ ಕತೆ, ಮೈಸೂರಿನ ಹುಡುಗಿಯ ಕತೆ ಎಲ್ಲವನ್ನೂ ಒಂದೇ ಸಮನೆ ಹೇಳಿದ. ಅವರು ಪೂರ್ತಿ ಕೇಳಿಸಿಕೊಂಡರು. ಇದರಲ್ಲಿ ಎಷ್ಟು ನಿಜ ಎಂದು ತೂಗುವವರ ಹಾಗೆ ತಲೆಯನ್ನು ಒಂದು ಕಡೆಗೆ ವಾಲಿಸಿಕೊಂಡು ಕೇಳಿದರು. ಅವನು ಮಾತಾಡುವಾಗ ಅವರು ಹಾಗೆ ಎಂದೂ ಕೂತವರಲ್ಲ.

"ಆಯ್ತು, ಹೊತ್ತಾಯ್ತು, ಹೊರಡು," ಎಂದರು ಕೊನೆಗೆ.

ಬೆಟ್ಟಸ್ವಾಮಿ ಎದ್ದ. ಹೊಸಿಲ ಹತ್ತಿರ ನಿಂತು, ಏನಾದರೂ ಒಂದು ಕೆಲಸ ತನಗೆ ಉಳಿದಿರಲಿ ಎಂಬ ಆಸೆಯಿಂದ ಹೇಳಿದ: "ನಾಡಿದ್ದು ಟೆಂಡರಿಗೆ ನಿಮ್ದು ಮೂವತ್ತು ಚೀಲ ಐತಲ್ಲ ಮೇಷ್ಟ್ರೇ. ಓದಿದ್ ತಕ್ಷಣ ನಾನೇ ಬಂದು ರೇಟು ಹೇಳ್ತೀನಿ."

"ಬ್ಯಾಡ ಬುಡಪ್ಪ," ಎಂದರು ಪರಮಶಿವಯ್ಯ ಮೇಷ್ಟ್ರು. "ಅಲ್ಲಿ ಗೋಡೆ ಮೇಲೆ ಬೋರ್ಡಲ್ಲೂ ಬರುತ್ತಂತಲ್ಲ. ವರ್ಷಿಣಿ ಹೋಗಿ ನೋಡ್ಕೊಂಡ್ ಬತ್ತಾಳೆ."